ಈಚಲ ಮರದ ಕೆಳಗೆ ಮಜ್ಜಿಗೆ ಕುಡಿದವನು: ಬಸ್ಟರ್ ಕೀಟನ್‌ನ ‘ಕಾಪ್ಸ್’ ಕೇಸ್ ಫೈಲ್

ನನ್ನ ಸೋದರಮಾವ ಹೆಡ್ ಕಾನ್‌ಸ್ಟೇಬಲ್ ಆಗಿ ರಿಟೈರ್ ಆದವರು. ಟಿವಿಯಲ್ಲಿ ಪೊಲೀಸ್ ಸಿನಿಮಾ ಬಂದರೆ ಅವರಿಗೆ ಮೈಯೆಲ್ಲ ಉರಿಯುತ್ತದೆ. "ಟೋಪಿ ಹಾಕ್ಕೊಳ್ಳೋದೇ ಸರಿಯಾಗಿ ಬರಲ್ಲ, ಇವರು ಕಳ್ಳನ್ನ ಹಿಡೀತಾರಂತೆ" ಎಂದು ಎದ್ದು ಹೋಗುತ್ತಾರೆ. ಅಂಥವರ ಮುಂದೆ ಒಂದು ಭಾನುವಾರ ಲ್ಯಾಪ್‌ಟಾಪ್ ಇಟ್ಟು ‘ಕಾಪ್ಸ್’ ಹಾಕಿದೆ. 1922ರ ಅಮೆರಿಕನ್ ಮೂಕಿ ಚಿತ್ರ. ಸುಮಾರು 18 ನಿಮಿಷ ಅಷ್ಟೇ. ಮಾತಿಲ್ಲ, ಹಾಡಿಲ್ಲ, ಹೀರೋ ಒಮ್ಮೆಯೂ ನಗುವುದಿಲ್ಲ.

ಮಾವ ಐದು ನಿಮಿಷ ಸುಮ್ಮನೆ ನೋಡಿದರು. ಆಮೇಲೆ, "ಸ್ವಲ್ಪ ನಿಲ್ಸೋ. ಇವನ ಮೇಲೆ ಈಗ ಎಷ್ಟು ಕೇಸಾಯ್ತು?" ಎಂದರು. ನಿಲ್ಲಿಸಿ ಲೆಕ್ಕ ಹಾಕಿದೆವು. 18 ನಿಮಿಷದ ಚಿತ್ರ ಮುಗಿಯಲು ನಮಗೆ ಒಂದೂವರೆ ಗಂಟೆ ಬೇಕಾಯಿತು. ಈ ಬರಹ ಆ ಲೆಕ್ಕದಿಂದಲೇ ಹುಟ್ಟಿದ್ದು.

ಮೊದಲು ಕಡತದ ಮೇಲಿನ ವಿವರ ಮುಗಿಸಿಬಿಡೋಣ. ಕಥೆ ಕಟ್ಟಿ ನಿರ್ದೇಶಿಸಿದವರು ಬಸ್ಟರ್ ಕೀಟನ್ ಮತ್ತು ಎಡ್ವರ್ಡ್ ಕ್ಲೈನ್. ಹೀರೋ ಕೂಡ ಕೀಟನ್ ಅವರೇ, ಆ ಪಾತ್ರವನ್ನು ಇಲ್ಲಿ ಬಸ್ಟರ್ ಎನ್ನುತ್ತೇನೆ. ನಿರ್ಮಾಪಕ ಜೋಸೆಫ್ ಶೆಂಕ್. ಕ್ಯಾಮೆರಾ ಎಲ್ಜಿನ್ ಲೆಸ್ಲಿ. ಹುಡುಗಿಯ ಪಾತ್ರದಲ್ಲಿ ವರ್ಜೀನಿಯಾ ಫಾಕ್ಸ್. ಪತ್ತೇದಾರಿ ಪೊಲೀಸ್ ಅಧಿಕಾರಿಯಾಗಿ ಜೋ ರಾಬರ್ಟ್ಸ್. ಈ ರಾಬರ್ಟ್ಸ್ ಆಳು ಎಂದರೆ ಆಳು. ಪಕ್ಕದಲ್ಲಿ ನಿಂತ ಬಸ್ಟರ್ ಅವನ ಕೋಟಿನ ಜೇಬಲ್ಲಿ ಹಿಡಿಸುವ ಹಾಗೆ ಕಾಣುತ್ತಾನೆ. ಎರಡು ರೀಲಿನ ಈ ಚಿತ್ರವನ್ನು 1997ರಲ್ಲಿ ಅಮೆರಿಕದ ನ್ಯಾಷನಲ್ ಫಿಲ್ಮ್ ರಿಜಿಸ್ಟ್ರಿಗೆ, ಅಂದರೆ ಉಳಿಸಿಕೊಳ್ಳಲೇಬೇಕಾದ ಚಿತ್ರಗಳ ಪಟ್ಟಿಗೆ ಸೇರಿಸಿದರು.

ಈಗ ಘಟನೆಗೆ ಬರೋಣ.

ಮೊದಲ ದೃಶ್ಯದಲ್ಲೇ ಬಸ್ಟರ್ ಕಂಬಿಗಳ ಹಿಂದೆ ನಿಂತಿದ್ದಾನೆ. ಮುಖ ಸಪ್ಪೆ. ಹೊರಗೆ ಒಬ್ಬಳು ಹುಡುಗಿ ನಿಂತು ಮಾತಾಡಿಸುತ್ತಿದ್ದಾಳೆ. ಪಾಪ, ಜೈಲಿಗೆ ಬಿದ್ದಿದ್ದಾನೆ, ಪ್ರೇಯಸಿ ನೋಡಲು ಬಂದಿದ್ದಾಳೆ ಎಂದುಕೊಳ್ಳುತ್ತೇವೆ. ಮುಂದಿನ ಶಾಟ್‌ನಲ್ಲಿ ಕ್ಯಾಮೆರಾ ಬೇರೆ ಕಡೆಯಿಂದ ನೋಡುತ್ತದೆ. ಅದು ಜೈಲಲ್ಲ, ಹುಡುಗಿಯ ಬಂಗಲೆಯ ಗೇಟು. ಅವಳು ಮೇಯರ್ ಮಗಳು. ದೊಡ್ಡ ವ್ಯಾಪಾರಸ್ಥನಾಗಿ ಬಂದರೆ ಮಾತ್ರ ಮದುವೆ ಎಂದು ಹೇಳಿ ಒಳಗೆ ಹೋಗುತ್ತಾಳೆ.

ಇದನ್ನು ಒಂದು ಸಣ್ಣ ಜೋಕು ಎಂದು ದಾಟಿಬಿಡಬಹುದು. ನಾನು ಮೊದಲ ಎರಡು ಸಲ ಹಾಗೇ ದಾಟಿದ್ದೆ. ಆದರೆ ಗಮನಿಸಿ, ಈ ಚಿತ್ರದಲ್ಲಿ ಬಸ್ಟರ್‌ನನ್ನು ಮೊಟ್ಟಮೊದಲು ಅಪರಾಧಿ ಎಂದು ತೀರ್ಮಾನಿಸಿದವರು ಪೊಲೀಸರಲ್ಲ, ನಾವು. ಕಂಬಿ ಕಂಡಿತು, ಹಿಂದೆ ಮನುಷ್ಯ ಕಂಡ, ಮುಗಿಯಿತು. ಮೂರು ಸೆಕೆಂಡಿನಲ್ಲಿ ಶಿಕ್ಷೆ. ಆಮೇಲೆ ಊರಿನ ಪೊಲೀಸರೆಲ್ಲ ಮಾಡುವ ತಪ್ಪೂ ಇದೇ ಜಾತಿಯದು. ಅವರು ಒಂದೇ ಕಡೆಯಿಂದ ನೋಡುತ್ತಾರೆ. ಅವರಿಗೆ ಎರಡನೇ ಶಾಟ್ ಸಿಗುವುದಿಲ್ಲ.

ಮೊದಲ ಆರೋಪ ಪರ್ಸಿನದು. ಟ್ಯಾಕ್ಸಿ ಕರೆಯುತ್ತಿದ್ದ ದಢೂತಿ ಮನುಷ್ಯನ ಪರ್ಸು ಕೆಳಗೆ ಬೀಳುತ್ತದೆ. ಬಸ್ಟರ್ ಎತ್ತಿ ಕೊಡಲು ಹೋಗುತ್ತಾನೆ. ಆತ ಥ್ಯಾಂಕ್ಸ್ ಹೇಳುವ ಬದಲು ಕಿತ್ತುಕೊಂಡು ತಳ್ಳುತ್ತಾನೆ. ಇಬ್ಬರ ಎಳೆದಾಟ, ಬೀಳುವುದು, ಏಳುವುದು ಎಲ್ಲ ಮುಗಿದಾಗ ಪರ್ಸು ಆ ಮನುಷ್ಯನ ಹತ್ತಿರ ಇದೆ, ದುಡ್ಡು ಬಸ್ಟರ್ ಹತ್ತಿರ ಇದೆ. ಖಾಲಿ ಪರ್ಸು ನೋಡಿ ಆತ ಟ್ಯಾಕ್ಸಿ ತಿರುಗಿಸಿಕೊಂಡು ಬರುತ್ತಾನೆ. ಅವನು ಇಳಿದರೆ ಅದೇ ಟ್ಯಾಕ್ಸಿ ಹತ್ತಿ ಬಸ್ಟರ್ ಹೋಗಿಬಿಡುತ್ತಾನೆ. ಆಗ ಗೊತ್ತಾಗುತ್ತದೆ, ದುಡ್ಡು ಕಳಕೊಂಡವನು ಪೊಲೀಸ್ ಅಧಿಕಾರಿ.

"ಇದು ಕಳವು. ಇದರಲ್ಲಿ ಮಾತಿಲ್ಲ" ಎಂದರು ಮಾವ.

ಸರಿಯೇ. ಬಸ್ಟರ್‌ನನ್ನು ಪೂರ್ತಿ ಅಮಾಯಕ ಎಂದು ಬರೆಯುವವರು ಈ ಜಾಗದಲ್ಲಿ ಸ್ವಲ್ಪ ಕಣ್ಣು ಮುಚ್ಚುತ್ತಾರೆ. ಇಡೀ ಚಿತ್ರದಲ್ಲಿ ಅವನ ಕೈ ಕೊಳೆಯಾಗುವುದು ಇಲ್ಲಿ ಮಾತ್ರ. ಈ ಪರ್ಸನ್ನು ನೆನಪಿಟ್ಟುಕೊಳ್ಳಿ.

ಎರಡನೆಯದು ಸಾಮಾನಿನ ಕೇಸು. ಒಂದು ಮನೆಯವರು ಬೇರೆ ಕಡೆ ಹೋಗಲು ಕುರ್ಚಿ, ಮೇಜು, ಮಂಚ ಎಲ್ಲ ಫುಟ್‌ಪಾತ್ ಮೇಲೆ ತಂದಿಟ್ಟಿದ್ದಾರೆ. ಆ ಮನೆಯ ಯಜಮಾನ ಒಬ್ಬ ಪೊಲೀಸ್. ಅಲ್ಲೇ ಅಡ್ಡಾಡುತ್ತಿದ್ದ ಒಬ್ಬ ಠಕ್ಕ ಬಸ್ಟರ್ ಕೈಯಲ್ಲಿ ನೋಟಿನ ಕಂತೆ ನೋಡುತ್ತಾನೆ. ತಕ್ಷಣ ಸಾಮಾನಿನ ಪಕ್ಕ ಕೂತು ಅಳಲು ಶುರು. ಮನೆಯಿಂದ ಹೊರಹಾಕಿದರು, ಹೆಂಡತಿ ಮಕ್ಕಳು ಬೀದಿಪಾಲು, ಎಲ್ಲ ಮಾರಬೇಕು ಅಂತ. ಬಸ್ಟರ್‌ಗೆ ಕರುಳು ಚುರ್ ಎನ್ನುತ್ತದೆ. ವ್ಯಾಪಾರ ಶುರು ಮಾಡಲು ಒಳ್ಳೆ ಅವಕಾಶವೂ ಹೌದಲ್ವಾ? ದುಡ್ಡು ಕೊಟ್ಟು ಎಲ್ಲ ಕೊಂಡುಕೊಳ್ಳುತ್ತಾನೆ.

ಸಾಗಿಸಲು ಗಾಡಿ ಬೇಕು. ಹತ್ತಿರದಲ್ಲೇ ಒಂದು ಕುದುರೆಗಾಡಿ ನಿಂತಿದೆ, 5 ಡಾಲರ್ ಎಂಬ ಚೀಟಿಯೂ ಕಾಣುತ್ತದೆ. ಚೀಟಿ ಇರುವುದು ಪಕ್ಕದ ಬಟ್ಟೆ ಅಂಗಡಿಯವನ ಕೋಟಿಗೆ. ಬಸ್ಟರ್ ಅಲ್ಲಿ ಕೂತಿದ್ದ ಯಾರೋ ಒಬ್ಬನ ಕೈಗೆ 5 ಡಾಲರ್ ಕೊಟ್ಟು ಕುದುರೆ ಹೊಡೆದುಕೊಂಡು ಬರುತ್ತಾನೆ. ಕಾಗೆ ಕೂರುವುದಕ್ಕೂ ಕೊಂಬೆ ಮುರಿಯುವುದಕ್ಕೂ ಸರಿಹೋಗುವುದು ಎಂದರೆ ಇದೇ.

ನನಗೆ ಜಾಸ್ತಿ ಇಷ್ಟವಾಗುವುದು ಇದರ ನಂತರದ್ದು. ಅವನು ಗಾಡಿ ತಂದು ನಿಲ್ಲಿಸಿದಾಗ ಮನೆಯವರು ಜಗಳಕ್ಕೆ ಬರುವುದಿಲ್ಲ. ಸಾಮಾನು ಸಾಗಿಸುವ ಗಾಡಿಯವನೇ ಇವನು ಎಂದುಕೊಂಡು ತಾವೇ ಕೈಹಾಕಿ ಎಲ್ಲವನ್ನೂ ಗಾಡಿಗೆ ಏರಿಸುತ್ತಾರೆ! ಬಸ್ಟರ್‌ಗೆ ಅನಿಸುವುದು, ಮನೆ ಕಳಕೊಂಡ ಈ ಜನ ಎಷ್ಟು ಒಳ್ಳೆಯವರು ಅಂತ. ಅವರಿಗೆ ಅನಿಸುವುದು, ಈ ಗಾಡಿಯವನು ಎಷ್ಟು ಮೆದು ಅಂತ. ಒಂದೇ ಕುರ್ಚಿಯನ್ನು ಎರಡು ಕಡೆಯಿಂದ ಎತ್ತುತ್ತಿರುವ ಇಬ್ಬರು ಎರಡು ಬೇರೆ ಬೇರೆ ಕಥೆಗಳಲ್ಲಿ ಇದ್ದಾರೆ. ಯಾರೂ ಸುಳ್ಳು ಹೇಳಿಲ್ಲ. ಸುಳ್ಳು ಹೇಳಿದ ಠಕ್ಕ ಆಗಲೇ ದುಡ್ಡು ಎಣಿಸಿಕೊಂಡು ಹೋಗಿ ಆಗಿದೆ.

ಮಾವನನ್ನು ಕೇಳಿದೆ: "ಇದು ಕಳವಾ ಮಾಮ?"

"ಕದಿಯೋ ಉದ್ದೇಶ ಇಲ್ವಲ್ಲೋ. ದುಡ್ಡು ಕೊಟ್ಟಿದಾನೆ. ಆದ್ರೆ ಮಾಲು ಇವನ ಗಾಡೀಲಿ ಸಿಗುತ್ತೆ, ಗಾಡಿಯೂ ಇವನದ್ದಲ್ಲ. ರಸೀದಿ ಇಲ್ಲ, ಸಾಕ್ಷಿ ಇಲ್ಲ. ಮಹಜರು ಮಾಡಿದ್ರೆ ಇವನೇ ಕಳ್ಳ."

ಈಚಲ ಮರದ ಕೆಳಗೆ ಕೂತು ಮಜ್ಜಿಗೆ ಕುಡಿದರೂ ಹೆಂಡ ಅಂತಾರೆ ಎಂದು ನಮ್ಮ ಕಡೆ ಹೇಳುವುದು ಇದನ್ನೇ. ಕೀಟನ್ ಮಾಡಿದ್ದೇನೆಂದರೆ, ಒಬ್ಬನನ್ನು ತಂದು ಈಚಲ ಮರದ ಕೆಳಗೆ ಕೂರಿಸಿ, ಮಜ್ಜಿಗೆ ಲೋಟ ಕೊಟ್ಟು, ಸುತ್ತ ಒಂದೊಂದೇ ಹೆಂಡದ ಮಡಕೆ ಜೋಡಿಸುತ್ತಾ ಹೋದರು.

ಹಾಗೆ ನೋಡಿದರೆ ಈ ಕಟ್ಟು ಹೊಸದೇನಲ್ಲ. ನಮ್ಮ ಶೂದ್ರಕನ ‘ಮೃಚ್ಛಕಟಿಕ’ದಲ್ಲೂ ಗಾಡಿ ಅದಲುಬದಲಾಗುತ್ತದೆ. ವಸಂತಸೇನೆ ಹತ್ತಬೇಕಾದ ಗಾಡಿ ಬಿಟ್ಟು ಬೇರೆ ಗಾಡಿ ಹತ್ತುತ್ತಾಳೆ. ಅವಳನ್ನು ಕೊಂದ ಆರೋಪ ಅವಳ ಪ್ರಿಯ ಚಾರುದತ್ತನ ಮೇಲೆ ಬರುತ್ತದೆ. ನ್ಯಾಯಸಭೆಯಲ್ಲಿ ಅವನ ಗೆಳೆಯ ಮೈತ್ರೇಯನ ಕಂಕುಳಿನಿಂದ ಒಡವೆ ಜಾರಿ ಬೀಳುತ್ತದೆ, ಚಾರುದತ್ತನ ಕುತ್ತಿಗೆಗೆ ಬರುತ್ತದೆ. ವಾಪಸ್ ಕೊಡಲು ತಂದ ಒಡವೆಯೇ ಕೊಲೆಗೆ ಸಾಕ್ಷಿ. ಆ ನಾಟಕವೂ 1931ರಲ್ಲಿ ಮೂಕಿ ಚಿತ್ರವಾಯಿತು, ಮಂಗಳೂರಿನವರಾದ ಕಮಲಾದೇವಿ ಚಟ್ಟೋಪಾಧ್ಯಾಯ ಅದರಲ್ಲಿ ನಟಿಸಿದ್ದರು. ಆದರೆ ಅಲ್ಲಿ ಕೊನೆ ಗಳಿಗೆಯಲ್ಲಿ ವಸಂತಸೇನೆ ಬಂದು ನಿಜ ಹೇಳುತ್ತಾಳೆ. ಬಸ್ಟರ್‌ಗೆ ಹಾಗೆ ಬಂದು ಹೇಳುವವರು ಯಾರೂ ಇಲ್ಲ.

ಮೂರನೇ ಆರೋಪ, ಡ್ಯೂಟಿಯಲ್ಲಿದ್ದ ಪೊಲೀಸನ ಮೇಲೆ ಹಲ್ಲೆ. ಆಗಿನ ಗಾಡಿಗಳಿಗೆ ಇಂಡಿಕೇಟರ್ ಇಲ್ಲ. ತಿರುಗುವಾಗ ಕೈ ಚಾಚಬೇಕು. ಬಸ್ಟರ್ ಕೈ ಚಾಚಿದರೆ ಒಂದು ನಾಯಿ ಕಚ್ಚುತ್ತದೆ. ಅದಕ್ಕೆ ಅವನು ಗಾಡಿಯಲ್ಲಿದ್ದ ಸಾಮಾನಿನಿಂದಲೇ ಒಂದು ಉಪಾಯ ಮಾಡುತ್ತಾನೆ. ಹಳೇ ಲಿಫ್ಟಿನ ಕಬ್ಬಿಣದ ಗೇಟು ಹಿಗ್ಗಿ ಕುಗ್ಗುತ್ತದಲ್ಲ, ಆ ಥರದ ಒಂದು ಪಟ್ಟಿ. ಅದರ ತುದಿಗೆ ಬಾಕ್ಸಿಂಗ್ ಗ್ಲೌಸ್. ತಿರುಗುವಾಗ ಪಟ್ಟಿ ಚಾಚಿದರೆ ಗ್ಲೌಸ್ ಹೊರಗೆ ಬರುತ್ತದೆ, ಬುದ್ಧಿವಂತಿಕೆ ಅಂದರೆ ಬುದ್ಧಿವಂತಿಕೆ. ಸರಿಯಾಗಿ ಆ ಜಾಗದಲ್ಲೇ ಟ್ರಾಫಿಕ್ ಪೊಲೀಸ್ ನಿಂತಿರುತ್ತಾನೆ. ಒಂದು ಗುದ್ದು, ಪೊಲೀಸ್ ನೆಲಕ್ಕೆ. ಬಸ್ಟರ್ ನೋಡಿಯೇ ಇಲ್ಲ, ಅವನ ಕಣ್ಣು ರಸ್ತೆ ಮೇಲೆ. ಟ್ರಾಫಿಕ್ ರೂಲ್ಸ್ ಪಾಲಿಸಲು ಹೋಗಿ ಟ್ರಾಫಿಕ್ ಪೊಲೀಸನನ್ನೇ ಮಲಗಿಸಿದ.

ಇಲ್ಲಿ ಮಾವ ಮೊದಲ ಸಲ ಜೋರಾಗಿ ನಕ್ಕರು. ಯಾವ ಇನ್‌ಸ್ಪೆಕ್ಟರ್ ಮುಖ ನೆನಪಾಯಿತೋ, ನಾನು ಕೇಳಲಿಲ್ಲ.

ಮಧ್ಯೆ ಒಂದು ಸಣ್ಣ ತಿರುವಿದೆ. ಕುದುರೆ ಮುದಿಯಾಗಿದೆ, ಹೆಜ್ಜೆ ಎತ್ತುವುದಿಲ್ಲ. ದಾರಿಯಲ್ಲಿ ‘ಮೇಕೆ ಗ್ರಂಥಿ ತಜ್ಞ’ ಡಾಕ್ಟರ್ ಬೋರ್ಡು ಕಾಣುತ್ತದೆ. ಕುದುರೆಯನ್ನು ಒಳಗೆ ಕರೆದುಕೊಂಡು ಹೋದರೆ ಹೊರಗೆ ಬರುವಾಗ ಕುಣಿದಾಡುತ್ತದೆ. ಇವತ್ತಿನವರಿಗೆ ಇದು ಅರ್ಥವಿಲ್ಲದ ತಮಾಷೆ ಅನಿಸಬಹುದು. ಆ ಕಾಲದ ಜನಕ್ಕೆ ಇದು ಪೇಪರಿನ ಸುದ್ದಿ. ಕಾನ್ಸಸ್ ರಾಜ್ಯದ ಮಿಲ್ಫರ್ಡ್ ಎಂಬ ಸಣ್ಣ ಊರಿನಲ್ಲಿ ಜಾನ್ ಬ್ರಿಂಕ್ಲಿ ಎಂಬಾತ ಗಂಡಸರಿಗೆ ಮೇಕೆಯ ವೃಷಣ ಕಸಿ ಮಾಡಿ ಯೌವನ ಮರಳಿಸುತ್ತೇನೆಂದು ಹೇಳಿ ದುಡ್ಡು ಬಾಚುತ್ತಿದ್ದ. ಈ ಚಿತ್ರದಲ್ಲಿ ನಿಜವಾದ ವಂಚಕರೆಲ್ಲ ಬೋರ್ಡು ಹಾಕಿಕೊಂಡೋ ಕಣ್ಣೀರು ಹಾಕಿಕೊಂಡೋ ಆರಾಮಾಗಿ ಇದ್ದಾರೆ. ಅವರ ಹಿಂದೆ ಯಾರೂ ಓಡುವುದಿಲ್ಲ.

ಈಗ ದೊಡ್ಡ ಕೇಸು. ಅವತ್ತು ಪೊಲೀಸರ ವಾರ್ಷಿಕ ಪರೇಡ್. ನಗರದ ಪೊಲೀಸರೆಲ್ಲ ಸಾಲುಸಾಲಾಗಿ ಬೀದಿಯಲ್ಲಿ ನಡೆದುಬರುತ್ತಿದ್ದಾರೆ. ವೇದಿಕೆ ಮೇಲೆ ಮೇಯರ್, ಪಕ್ಕದಲ್ಲಿ ಮಗಳು. ಬಸ್ಟರ್ ತನ್ನ ಗಾಡಿ ಸಮೇತ ಪರೇಡಿನ ಮಧ್ಯಕ್ಕೆ ನುಗ್ಗಿಬಿಡುತ್ತಾನೆ. ಜನ ಚಪ್ಪಾಳೆ ಹೊಡೆಯುತ್ತಾರೆ. ತನಗೇ ಎಂದುಕೊಂಡು ಅವನು ಸ್ವೀಕರಿಸುತ್ತಾನೆ.

ಅಷ್ಟರಲ್ಲಿ ಒಂದು ಕಟ್ಟಡದ ಮೇಲಿನಿಂದ ಅರಾಜಕತಾವಾದಿಯೊಬ್ಬ ಬಾಂಬ್ ಎಸೆಯುತ್ತಾನೆ. ಅದು ಬಂದು ಬಸ್ಟರ್ ಪಕ್ಕ ಸೀಟಿನ ಮೇಲೆ ಬೀಳುತ್ತದೆ. ಬತ್ತಿ ಉರಿಯುತ್ತಿದೆ. ಬಸ್ಟರ್ ಬಾಯಲ್ಲಿ ಸಿಗರೇಟು, ಬೆಂಕಿ ಬೇಕಿತ್ತು. ಬಾಂಬ್ ಎತ್ತಿಕೊಂಡು ಬತ್ತಿಯಿಂದ ಸಿಗರೇಟು ಹೊತ್ತಿಸಿಕೊಳ್ಳುತ್ತಾನೆ. ಹಚ್ಚಿಕೊಂಡ ಕಡ್ಡಿ ಎಸೆಯುವ ಹಾಗೆ ಬಾಂಬನ್ನು ಅತ್ತ ಎಸೆಯುತ್ತಾನೆ. ಅದು ಪೊಲೀಸರ ಮಧ್ಯೆ ಸಿಡಿಯುತ್ತದೆ.

ನಾವು ಇಲ್ಲಿ ತುಂಬ ಹೊತ್ತು ನಿಂತೆವು. ಈ ಒಂದು ಚಲನೆಯನ್ನು ನೋಡಿ. ಎತ್ತಿದ, ಹಚ್ಚಿದ, ಎಸೆದ. ಬಾಂಬ್ ಹಾಕುವವನು ಮಾಡುವುದೂ ಇದನ್ನೇ, ಇದೇ ಕ್ರಮದಲ್ಲಿ. ಮಾಡಿದ ಕೆಲಸ ಒಂದೇ, ಮನಸ್ಸಿನಲ್ಲಿದ್ದದ್ದು ಮಾತ್ರ ಬೇರೆ. ಮನಸ್ಸು ಕ್ಯಾಮೆರಾಗೆ ಕಾಣುವುದಿಲ್ಲ. ಜೊತೆಗೆ ಕೀಟನ್ ಮುಖದಲ್ಲಿ ಭಾವನೆಯೇ ಇಲ್ಲ. ಬೇರೆ ಯಾವ ನಟನಾದರೂ ಕಣ್ಣರಳಿಸಿ, ನಾನೇನೂ ಮಾಡಿಲ್ಲ ಎಂದು ಪ್ರೇಕ್ಷಕರಿಗೆ ಸನ್ನೆ ಮಾಡುತ್ತಿದ್ದ. ಕೀಟನ್ ಮಾಡುವುದಿಲ್ಲ. ಅವರ ಕಲ್ಲು ಮುಖ ಬರೀ ಟ್ರೇಡ್‌ಮಾರ್ಕ್ ಎಂದು ಬರೆಯುತ್ತಾರೆ. ಈ ಚಿತ್ರದಲ್ಲಿ ಮಾತ್ರ ಅದು ಕಥೆಯ ಕೀಲು. ಆರೋಪಿಯ ಮುಖ ನೋಡಿ ನಿರಪರಾಧಿ ಎಂದು ಹೇಳಲು ಸಾಧ್ಯವಿಲ್ಲದ ಹಾಗೆ ಅವರು ಮುಖವನ್ನೇ ಮುಚ್ಚಿಬಿಟ್ಟಿದ್ದಾರೆ.

ಆ ಬಾಂಬು ಸುಮ್ನೆ ಬಂದದ್ದೂ ಅಲ್ಲ. 1920ರ ಸೆಪ್ಟೆಂಬರ್ 16ರ ಮಧ್ಯಾಹ್ನ ನ್ಯೂಯಾರ್ಕಿನ ವಾಲ್ ಸ್ಟ್ರೀಟ್‌ನಲ್ಲಿ, ಜೆ. ಪಿ. ಮಾರ್ಗನ್ ಬ್ಯಾಂಕಿನ ಎದುರು ಬಾಂಬ್ ಸಿಡಿದು 30ಕ್ಕೂ ಹೆಚ್ಚು ಜನ ಸತ್ತಿದ್ದರು. ಬಾಂಬ್ ಇಟ್ಟಿದ್ದು ಎಲ್ಲಿ ಗೊತ್ತಾ? ಒಂದು ಕುದುರೆಗಾಡಿಯಲ್ಲಿ. ಅರಾಜಕತಾವಾದಿಗಳ ಮೇಲೆ ಗುಮಾನಿ ಬಂತು, ಆದರೆ ಯಾರ ಮೇಲೂ ಅಪರಾಧ ಸಾಬೀತಾಗಲೇ ಇಲ್ಲ. ಅದಾದ ಎರಡು ವರ್ಷದೊಳಗೆ ಕೀಟನ್ ಕುದುರೆಗಾಡಿಯಲ್ಲಿ ಬಾಂಬ್ ತೋರಿಸಿ ಜನರನ್ನು ನಗಿಸುತ್ತಿದ್ದಾರೆ! ಆ ಧೈರ್ಯ ಇವತ್ತು ಯಾರಿಗಿದೆ ಹೇಳಿ. ಇನ್ನೂ ಹಿಂದಕ್ಕೆ ಹೋದರೆ 1886ರ ಶಿಕಾಗೋ. ಮೇ 4ರಂದು ಹೇಮಾರ್ಕೆಟ್ ಎಂಬಲ್ಲಿ ಕಾರ್ಮಿಕರ ಸಭೆಯ ಹೊತ್ತಿಗೆ ಯಾರೋ ಪೊಲೀಸರ ಮೇಲೆ ಬಾಂಬ್ ಎಸೆದರು. ಎಸೆದವನು ಯಾರೆಂದು ಕೊನೆಗೂ ತಿಳಿಯಲಿಲ್ಲ. ಆದರೂ ಎಂಟು ಜನರನ್ನು ಅಪರಾಧಿಗಳೆಂದು ತೀರ್ಮಾನಿಸಿ ಮುಂದಿನ ವರ್ಷ ನಾಲ್ವರನ್ನು ಗಲ್ಲಿಗೇರಿಸಿದರು. ಪೊಲೀಸರ ಮಧ್ಯೆ ಬಾಂಬ್ ಬಿದ್ದರೆ ಮುಂದೇನಾಗುತ್ತದೆ ಎಂಬುದು 1922ರ ಪ್ರೇಕ್ಷಕರಿಗೆ ವಿವರಿಸಬೇಕಾದ ವಿಷಯವಾಗಿರಲಿಲ್ಲ.

ಅಲ್ಲಿಂದ ಮುಂದೆ ಬರೀ ಓಟ.

ಪೊಲೀಸರನ್ನು ಓಡಿಸಿ ನಗಿಸುವುದನ್ನು ಹಾಲಿವುಡ್‌ಗೆ ಕಲಿಸಿದ್ದು ಮ್ಯಾಕ್ ಸೆನೆಟ್. ಅವರು 1912ರಲ್ಲಿ ಶುರು ಮಾಡಿದ ಕೀಸ್ಟೋನ್ ಕಂಪನಿಯ ಪೊಲೀಸರು ಜಗತ್ಪ್ರಸಿದ್ಧರು. ಒಂದೇ ಜೀಪಿಗೆ ಹತ್ತು ಜನ ನೇತಾಡುವ ಥರದ ಗುಂಪು. ಅವರು ಬೀಳುತ್ತಾರೆ, ಒಬ್ಬರಿಗೊಬ್ಬರು ಡಿಕ್ಕಿ ಹೊಡೆಯುತ್ತಾರೆ, ಕಳ್ಳನನ್ನು ಬಿಟ್ಟು ಮಿಕ್ಕೆಲ್ಲರನ್ನೂ ಹಿಡಿಯುತ್ತಾರೆ. ಅಲ್ಲಿ ತಮಾಷೆ ಇರುವುದು ಪೊಲೀಸರ ಪೆದ್ದುತನದಲ್ಲಿ. ‘ಕಾಪ್ಸ್’ನ ಪೊಲೀಸರು ಹಾಗಲ್ಲ, ಅವರು ಪೆದ್ದರೇನಲ್ಲ. ಒಬ್ಬೊಬ್ಬರಾಗಿ ನೋಡಿದರೆ ಎಲ್ಲರೂ ತಮ್ಮ ಡ್ಯೂಟಿ ಮಾಡುತ್ತಿದ್ದಾರೆ. ಕೀಟನ್ ಅವರಿಗೆ ಮುಖ ಕೊಡುವುದಿಲ್ಲ, ಸಂಖ್ಯೆ ಕೊಡುತ್ತಾರೆ. ನೂರಾರು ಸಮವಸ್ತ್ರ. ಅಗಲವಾದ ಖಾಲಿ ರಸ್ತೆ, ನಡುವೆ ಪುಟ್ಟ ಬಸ್ಟರ್. ದೂರದ ಮೂಲೆಯಿಂದ ಕಪ್ಪು ನೀರು ನುಗ್ಗಿದ ಹಾಗೆ ಪೊಲೀಸರು ಬರುತ್ತಾರೆ, ಮುಗಿಯುವುದೇ ಇಲ್ಲ. ಅದನ್ನು ನೋಡುವಾಗ ನಗು ಬರುತ್ತದೆ, ಆದರೆ ಕೆರೆ ಕಟ್ಟೆ ಒಡೆದಾಗ ನೋಡುವ ಥರ ಹೊಟ್ಟೆಯಲ್ಲಿ ಏನೋ ಆಗುತ್ತದೆ. ಕೀಸ್ಟೋನ್ ಚಿತ್ರ ನೋಡುವಾಗ ನನಗೆ ಹಾಗೆ ಆಗಿದ್ದಿಲ್ಲ.

ತಂತ್ರದ ವಿಷಯ ಎರಡು ಮಾತು. ಕೀಟನ್ ಕ್ಯಾಮೆರಾವನ್ನು ದೂರ ಇಟ್ಟು ಇಡೀ ಮೈ ಕಾಣುವ ಹಾಗೆ ತೆಗೆಯುತ್ತಾರೆ. ಕತ್ತರಿ ಕಡಿಮೆ. ಬಿದ್ದರೆ ನಿಜವಾಗಿ ಬಿದ್ದದ್ದು, ಹಾರಿದರೆ ನಿಜವಾಗಿ ಹಾರಿದ್ದು ಎಂದು ನಮಗೆ ಗೊತ್ತಾಗಬೇಕು. ಅದಕ್ಕೆ ಒಳ್ಳೆ ಉದಾಹರಣೆ ಏಣಿಯ ದೃಶ್ಯ. ಎತ್ತರದ ಬೇಲಿಯ ಮೇಲೆ ಒಂದು ಉದ್ದ ಏಣಿ ತಕ್ಕಡಿಯ ಹಾಗೆ ನಿಂತಿದೆ. ಬಸ್ಟರ್ ಅದರ ಮೇಲಿದ್ದಾನೆ. ಈ ಕಡೆ ಪೊಲೀಸರು ಎಳೆದರೆ ಆ ಕಡೆ ಮೇಲೇಳುತ್ತದೆ, ಆ ಕಡೆಯವರು ಎಳೆದರೆ ಈ ಕಡೆ. ಅವನು ನಡುವೆ ತೂಕ ಹಾಕುತ್ತಾ ಓಡಾಡುತ್ತಾನೆ. ಎಲ್ಲವೂ ಒಂದೇ ಚೌಕಟ್ಟಿನಲ್ಲಿ ಕಾಣುತ್ತದೆ. ಯಾರು ಎಳೆದರು, ಯಾವ ಕಡೆ ಭಾರ, ಅವನ ಕಾಲು ಎಲ್ಲಿದೆ, ಎಲ್ಲ ನಮ್ಮ ಕಣ್ಣ ಮುಂದೆ. ಹಾಗಾಗಿ ಅವನು ಬೀಳುವ ಮೊದಲೇ ನಾವು ಕುರ್ಚಿಯಲ್ಲಿ ವಾಲುತ್ತೇವೆ.

ಇನ್ನೊಂದು ಶಾಟ್ ಬರೀ ಒಂದೆರಡು ಸೆಕೆಂಡಿನದು. ಪೊಲೀಸರು ಹತ್ತಿರ ಬಂದೇಬಿಟ್ಟರು. ಪಕ್ಕದಲ್ಲಿ ಒಂದು ಕಾರು ಹಾದುಹೋಗುತ್ತದೆ. ಬಸ್ಟರ್ ಒಂದೇ ಕೈಯಲ್ಲಿ ಅದರ ಹಿಂಭಾಗ ಹಿಡಿಯುತ್ತಾನೆ. ಕಾಲು ನೆಲ ಬಿಟ್ಟು, ಮೈ ಅಡ್ಡಕ್ಕೆ ತೇಲಿ, ಬಾವುಟದ ಹಾಗೆ ಹಾರಿಹೋಗುತ್ತಾನೆ. ಡೂಪ್ ಇಲ್ಲ. ಅದನ್ನು ತೆಗೆದದ್ದು ಹಾಲಿವುಡ್‌ನ ಕಹುಯೆಂಗಾ ರಸ್ತೆಯ ಒಂದು ಇಕ್ಕಟ್ಟು ಗಲ್ಲಿಯ ಬಾಯಲ್ಲಿ. ಚಾಪ್ಲಿನ್ ಅವರ ‘ದಿ ಕಿಡ್’ ಮತ್ತು ಹೆರಾಲ್ಡ್ ಲಾಯ್ಡ್ ಅವರ ‘ಸೇಫ್ಟಿ ಲಾಸ್ಟ್’ ಚಿತ್ರಗಳ ಕೆಲವು ಭಾಗ ತೆಗೆದದ್ದೂ ಅದೇ ಗಲ್ಲಿಯಲ್ಲಿ. ಆ ಗಲ್ಲಿ ಇವತ್ತಿಗೂ ಇದೆ.

ಇಂಥ ಮೈ ಎಲ್ಲಿಂದ ಬಂತು? ಕೀಟನ್ ಹುಟ್ಟಿದ್ದು 1895ರಲ್ಲಿ, ಕಾನ್ಸಸ್‌ನ ಪಿಕ್ವಾ ಎಂಬಲ್ಲಿ. ಅಪ್ಪ ಅಮ್ಮ ಊರೂರು ತಿರುಗುವ ವೇದಿಕೆ ಕಲಾವಿದರು, ಒಂಥರಾ ನಮ್ಮ ಕಂಪನಿ ನಾಟಕದವರ ಬದುಕು. ಚಿಕ್ಕಂದಿನಲ್ಲೇ ಇವರನ್ನೂ ಆಟಕ್ಕೆ ಸೇರಿಸಿಕೊಂಡರು. ಅಪ್ಪ ಜೋ ಕೀಟನ್ ಮಗನನ್ನು ಎತ್ತಿ ಪರದೆ ಮೇಲೆ, ಸೀನರಿ ಮೇಲೆ, ಕೆಲವೊಮ್ಮೆ ಪ್ರೇಕ್ಷಕರ ಕಡೆಗೂ ಎಸೆಯುತ್ತಿದ್ದ. ಎಸೆಯಲು ಸುಲಭವಾಗಲಿ ಎಂದು ಹುಡುಗನ ಬಟ್ಟೆಗೆ ಸೂಟ್‌ಕೇಸಿನ ಹಿಡಿ ಹೊಲಿದಿದ್ದರು. ಬಿದ್ದ ಮೇಲೆ ನಗದೆ ಇದ್ದರೆ ಜನ ಜಾಸ್ತಿ ನಗುತ್ತಾರೆ ಎಂಬುದನ್ನು ಹುಡುಗ ಅಲ್ಲೇ ಕಲಿತ. ನ್ಯೂಯಾರ್ಕಿನ ಮಕ್ಕಳ ರಕ್ಷಣಾ ಸಂಘದವರು ಈ ಆಟದ ಬೆನ್ನು ಹತ್ತಿದರು. ಹುಡುಗನ ಮೈಮೇಲೆ ಪೆಟ್ಟಿನ ಗುರುತು ಇದೆಯಾ ಎಂದು ಅಧಿಕಾರಿಗಳು ತಪಾಸಣೆಯನ್ನೂ ಮಾಡಿದರು. ನನಗೆ ನೋವಾಗುತ್ತಿರಲಿಲ್ಲ, ಬೀಳುವುದು ನನಗೆ ಗೊತ್ತಿತ್ತು ಎಂಬುದು ಕೀಟನ್ ದೊಡ್ಡವರಾದ ಮೇಲೆ ಹೇಳುತ್ತಿದ್ದ ಮಾತಿನ ಸಾರ. ಇದ್ದೀತು. ಆದರೂ ಮಗುವನ್ನು ಗೋಡೆಗೆ ಎಸೆಯುವವನನ್ನು ತಡೆಯಲು ಹೋದವರ ಮೇಲೆ ನನಗೆ ಸಿಟ್ಟು ಬರುವುದಿಲ್ಲ. ಹೊರಗಿನಿಂದ ನೋಡಿದವರಿಗೆ ಅಪರಾಧ, ಒಳಗಿದ್ದವರಿಗೆ ಹೊಟ್ಟೆಪಾಡಿನ ಆಟ. ಈ ಎರಡು ನೋಟಗಳ ನಡುವಿನ ಜಾಗ ಕೀಟನ್‌ಗೆ ಚಿಕ್ಕಂದಿನಿಂದಲೇ ಪರಿಚಯ.

ಇನ್ನೊಂದು ಪ್ರಕರಣವನ್ನೂ ಇದರ ಪಕ್ಕ ಇಡಲೇಬೇಕು. ಕೀಟನ್‌ರನ್ನು 1917ರಲ್ಲಿ ಸಿನಿಮಾಗೆ ಕರೆತಂದ ಗುರು ರಾಸ್ಕೋ ಆರ್ಬಕಲ್. ಆಗಿನ ದೊಡ್ಡ ಹಾಸ್ಯ ನಟ. 1921ರ ಸೆಪ್ಟೆಂಬರಿನಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಒಂದು ಹೋಟೆಲಿನಲ್ಲಿ ಆತ ಕೊಟ್ಟ ಪಾರ್ಟಿಯ ನಂತರ ವರ್ಜೀನಿಯಾ ರಾಪ್ ಎಂಬ ನಟಿ ತೀರಿಕೊಂಡಳು. ಆರ್ಬಕಲ್ ಬಂಧನವಾಯಿತು. ವಿಚಾರಣೆ ಶುರುವಾಗುವ ಮೊದಲೇ ಪತ್ರಿಕೆಗಳು ತೀರ್ಪು ಬರೆದವು. ಮೂರು ಸಲ ವಿಚಾರಣೆ. ಮೊದಲೆರಡರಲ್ಲಿ ಜ್ಯೂರಿ ಒಮ್ಮತಕ್ಕೆ ಬರಲಿಲ್ಲ. ಮೂರನೆಯದರಲ್ಲಿ, 1922ರ ಏಪ್ರಿಲ್ 12ರಂದು, ಜ್ಯೂರಿ ಬಿಡುಗಡೆ ಮಾಡಿದ್ದಷ್ಟೇ ಅಲ್ಲ, ಆತನಿಗೆ ಅನ್ಯಾಯವಾಗಿದೆ ಎಂದು ಬರೆದೂ ಕೊಟ್ಟಿತು. ಅದಾಗಿ ಒಂದು ವಾರದೊಳಗೆ ಚಿತ್ರೋದ್ಯಮದ ಮುಖ್ಯಸ್ಥ ವಿಲ್ ಹೇಸ್ ಆತನ ಚಿತ್ರಗಳನ್ನು ನಿಷೇಧಿಸಿದರು. ‘ಕಾಪ್ಸ್’ ತೆರೆಗೆ ಬಂದದ್ದು ಈ ಗದ್ದಲದ ನಡುವೆ, ಕೊನೆ ತೀರ್ಪಿಗೆ ಮುಂಚೆ.

ಹಾಗಾಗಿ ಗೆಳೆಯನ ಪರವಾಗಿ ಕೀಟನ್ ಕೊಟ್ಟ ಉತ್ತರವೇ ಈ ಚಿತ್ರ ಎಂದು ಕೆಲವರು ಓದುತ್ತಾರೆ. ನನಗೆ ಅದು ಸ್ವಲ್ಪ ಎಳೆದು ಕಟ್ಟಿದ ಹಾಗೆ ಕಾಣುತ್ತದೆ. ತಪ್ಪಾಗಿ ತಿಳಿದ ಪೊಲೀಸರು ಬೆನ್ನಟ್ಟುವ ಕಥೆಯನ್ನು ಕೀಟನ್ ಅದಕ್ಕೂ ಮುಂಚೆಯೇ, 1921ರ ‘ದಿ ಗೋಟ್’ನಲ್ಲಿ ಮಾಡಿದ್ದರು. ಕೊಲೆಗಾರನ ಫೋಟೊ ಜಾಗದಲ್ಲಿ ಇವನ ಫೋಟೊ ಬಂದು ಊರೆಲ್ಲ ಪೋಸ್ಟರ್ ಅಂಟಿಸುವ ಕಥೆ ಅದು. ಆರ್ಬಕಲ್ ಬಂಧನಕ್ಕಿಂತ ಮೊದಲು ಬಂದದ್ದು. ಅಂದರೆ ಕಟ್ಟು ಅವರ ತಲೆಯಲ್ಲಿ ಆಗಲೇ ಇತ್ತು. ಆದರೆ ‘ದಿ ಗೋಟ್’ ಹಗುರ. ಅದರಲ್ಲಿ ಬಸ್ಟರ್ ಕೊನೆಗೆ ಹುಡುಗಿಯ ಜೊತೆ ತಪ್ಪಿಸಿಕೊಳ್ಳುತ್ತಾನೆ. ‘ಕಾಪ್ಸ್’ನ ಕೊನೆಯಲ್ಲಿ ಇರುವ ಕತ್ತಲೆ ಅಲ್ಲಿಲ್ಲ. ಆ ಕತ್ತಲೆ ಆ ಚಳಿಗಾಲದಲ್ಲಿ ಬಂತು ಎಂದರೆ ಒಪ್ಪಬಹುದೇನೋ.

ಕೊನೆ ಹೀಗಿದೆ. ಓಡಿ ಓಡಿ ಬಸ್ಟರ್ ಪೊಲೀಸ್ ಠಾಣೆಯ ಒಳಗೇ ನುಗ್ಗುತ್ತಾನೆ. ನೂರಾರು ಪೊಲೀಸರು ಹಿಂದೆಯೇ ನುಗ್ಗುತ್ತಾರೆ. ಬಾಗಿಲು ಮುಚ್ಚುತ್ತದೆ. ಕ್ಷಣ ಬಿಟ್ಟು ಒಬ್ಬ ಪುಟ್ಟ ಪೊಲೀಸ್ ಹೊರಗೆ ಬಂದು ಬಾಗಿಲಿಗೆ ಬೀಗ ಹಾಕುತ್ತಾನೆ. ಸಮವಸ್ತ್ರ ಹಾಕಿಕೊಂಡ ಬಸ್ಟರ್. ಬೀಗದ ಕೈಯನ್ನು ಪಕ್ಕದ ಕಸದ ತೊಟ್ಟಿಗೆ ಹಾಕುತ್ತಾನೆ. ಗೆದ್ದ! ಊರಿನ ಕಾನೂನೆಲ್ಲ ಒಳಗೆ, ಆರೋಪಿ ಹೊರಗೆ.

ಆಗ ಮೇಯರ್ ಮಗಳು ಬರುತ್ತಾಳೆ. ಅವನನ್ನು ನೋಡುತ್ತಾಳೆ, ಮೂಗು ಮುರಿದು ಮುಂದೆ ಹೋಗುತ್ತಾಳೆ. ಬಸ್ಟರ್ ನಿಂತು ಅವಳು ಹೋದ ಕಡೆ ನೋಡುತ್ತಾನೆ. ಮುಖ ಆಗಲೂ ಅದೇ. ಆಮೇಲೆ ತೊಟ್ಟಿಯಿಂದ ಬೀಗದ ಕೈ ತೆಗೆದು ಬಾಗಿಲು ತೆರೆಯುತ್ತಾನೆ. ಒಳಗಿನಿಂದ ಕೈಗಳು ಬಂದು ಅವನನ್ನು ಎಳೆದುಕೊಳ್ಳುತ್ತವೆ. ಮುಗಿಯಿತು ಎಂಬ ಅಕ್ಷರ ಒಂದು ಗೋರಿಕಲ್ಲಿನ ಮೇಲೆ ಬರುತ್ತದೆ. ಕಲ್ಲಿನ ಮೇಲೆ ಅವನ ಚಪ್ಪಟೆ ಟೋಪಿ.

ಸಿಕ್ಕಿಬಿದ್ದ ಎಂದು ಬರೆಯುವುದು ತಪ್ಪಾಗುತ್ತದೆ. ಪೊಲೀಸರಿಗೆ ಅವನನ್ನು ಹಿಡಿಯಲು ಆಗಲೇ ಇಲ್ಲ. ಅವನೇ ಬಾಗಿಲು ತೆರೆದ. ಶುರುವಿನಲ್ಲಿ ಕಂಬಿಯ ಹಿಂದೆ ಕಂಡವನು ನಿಜವಾಗಿ ಹೊರಗಿನವನು. ಕೊನೆಗೆ ತಾನಾಗಿಯೇ ಒಳಗೆ ಹೋಗುತ್ತಾನೆ. ಎರಡು ಸಲವೂ ಬಾಗಿಲಲ್ಲಿ ಇದ್ದವಳು ಅದೇ ಹುಡುಗಿ. ಅವಳು ದೊಡ್ಡ ವ್ಯಾಪಾರಸ್ಥನಾಗು ಎಂದಿದ್ದಳು. ಅವನು ಒಂದು ಗಾಡಿ ಸಾಮಾನು ಕೊಂಡು ಆ ದಾರಿಯಲ್ಲೇ ಹೊರಟಿದ್ದ.

ಚಿತ್ರ ಮುಗಿದ ಮೇಲೆ ಮಾವ ಸ್ವಲ್ಪ ಹೊತ್ತು ಮಾತಾಡಲಿಲ್ಲ. ನಾನು ಬರೆದುಕೊಂಡಿದ್ದ ಪಟ್ಟಿ ಓದಿದೆ. ಸಾಮಾನು, ಕುದುರೆಗಾಡಿ, ಟ್ರಾಫಿಕ್ ಪೊಲೀಸ್, ಬಾಂಬ್, ಸಮವಸ್ತ್ರ, ಠಾಣೆಗೆ ಬೀಗ. ಒಂದೊಂದಕ್ಕೂ ಅವರು ತಲೆ ಅಲ್ಲಾಡಿಸಿದರು.

"ಇದರಲ್ಲಿ ಮೊದಲ ನಾಲ್ಕು ಕೋರ್ಟಲ್ಲಿ ನಿಲ್ಲಲ್ಲ. ಒಳ್ಳೆ ಲಾಯರ್ ಇದ್ರೆ ಬಿದ್ದುಹೋಗುತ್ತೆ. ಉಳಿದಿದ್ದು ಓಡುವಾಗ ಮಾಡಿದ್ದು" ಎಂದರು. ಎದ್ದು ಟೀ ಲೋಟ ತೆಗೆದುಕೊಂಡು ಅಡುಗೆಮನೆ ಕಡೆ ಹೊರಟವರು ಬಾಗಿಲಲ್ಲಿ ನಿಂತರು.

"ಅಲ್ವೋ, ಆ ಮೊದಲನೇ ಪರ್ಸಿನ ದುಡ್ಡು ಏನಾಯ್ತು? ನೂರಾರು ಜನ ಓಡಿದ್ರು, ಒಬ್ಬನೂ ಅದನ್ನ ಕೇಳಲಿಲ್ವಲ್ಲ."